ಹಡಗಿನಂಥ ಮನೆ, ಚಪ್ಪರದಂಥ ಗ್ಯಾಲರಿ: ಚಿತ್ರಗಳಿಗೆ ಬೇರೆ ಕಟ್ಟಡ ಯಾಕೆ ಬೇಕು?

ಮೇ 18 ವಿಶ್ವ ವಸ್ತುಸಂಗ್ರಹಾಲಯ ದಿನ. ಆ ವಾರ ಅಕ್ಕನ ಮಗಳು ರಜೆಗೆಂದು ನಮ್ಮ ಮನೆಗೆ ಬಂದಿದ್ದಳು. ಅವಳನ್ನು ಬಿಜೈ ಮ್ಯೂಸಿಯಂಗೆ ಕರೆದುಕೊಂಡು ಹೋದೆ. ಕೆಎಸ್‌ಆರ್‌ಟಿಸಿ ಬಸ್‌ಸ್ಟ್ಯಾಂಡಿನಿಂದ ನಡೆದೇ ಹೋಗಬಹುದು. ಆದರೂ ಮಂಗಳೂರಿನ ಎಷ್ಟೋ ಜನ ಒಮ್ಮೆಯೂ ಒಳಗೆ ಹೋದವರಲ್ಲ. ಗೇಟಿನ ಹತ್ತಿರ ನಿಂತು ಅವಳು ಕೇಳಿದ ಮೊದಲ ಪ್ರಶ್ನೆ, "ಮಾಮ, ಈ ಮನೆ ಯಾಕೆ ಹಡಗಿನ ಹಾಗಿದೆ?" ನೋಡಿ ಮುಗಿಸಿ ಹೊರಗೆ ಬಂದಮೇಲೆ ಇನ್ನೊಂದು ಕೇಳಿದಳು. "ಚಿತ್ರ, ಶಿಲ್ಪ ಎಲ್ಲ ಇಡೋದಕ್ಕೆ ಬೇರೆ ತರದ ಕಟ್ಟಡವೇ ಬೇಕಾ? ಗೋಡೆ ಇದ್ದರೆ ಸಾಲದಾ?"

ಎರಡೂ ಒಳ್ಳೆಯ ಪ್ರಶ್ನೆಗಳು. ಎರಡಕ್ಕೂ ಉತ್ತರ ಹುಡುಕುತ್ತಾ ಹೋದರೆ ಆರ್ಟ್ ಗ್ಯಾಲರಿ ಹೇಗೆ ಕೆಲಸ ಮಾಡುತ್ತದೆ ಅನ್ನುವುದು ತಾನಾಗಿಯೇ ಗೊತ್ತಾಗುತ್ತದೆ. ಮೊದಲು ಕಟ್ಟಡದಿಂದ ಶುರು ಮಾಡೋಣ.

ಗೋಡೆ ಹೊರುವ ಮನೆ, ಕಂಬ ಹೊರುವ ಮನೆ

ನಮ್ಮ ಊರಿನ ಹಳೆಯ ಮನೆಗಳನ್ನು ನೆನಪು ಮಾಡಿಕೊಳ್ಳಿ. ಕೆಂಪುಕಲ್ಲಿನ ದಪ್ಪ ಗೋಡೆ, ಮರದ ಪಕ್ಕಾಸು, ಮೇಲೆ ಮಂಗಳೂರು ಹಂಚು. ಅಲ್ಲಿ ಮಾಡಿನ ಪೂರ್ತಿ ಭಾರ ಗೋಡೆಯ ಮೇಲೆ ಕೂತಿರುತ್ತದೆ. ಹಾಗಾಗಿ ಗೋಡೆ ದಪ್ಪ ಇರಲೇಬೇಕು. ದೊಡ್ಡ ಕಿಟಕಿ ಇಡುವ ಹಾಗಿಲ್ಲ, ಇಟ್ಟರೆ ಗೋಡೆಯ ಬಲ ಕಮ್ಮಿಯಾಗುತ್ತದೆ. ಎರಡು ಕೋಣೆಯ ನಡುವಿನ ಗೋಡೆ ತೆಗೆದು ಒಂದೇ ಹಾಲ್ ಮಾಡೋಣ ಅಂದರೂ ಸುಲಭವಲ್ಲ.

ಈಗ ಮದುವೆಯ ಚಪ್ಪರ ನೋಡಿ. ಇಲ್ಲವೇ ಬಯಲಾಟದ ರಂಗಸ್ಥಳ ನೋಡಿ. ಮಾಡನ್ನು ಹೊತ್ತಿರುವುದು ಕಂಬಗಳು. ಗೋಡೆ ಇಲ್ಲವೇ ಇಲ್ಲ. ಬೇಕಾದ ಕಡೆ ಪರದೆ ಕಟ್ಟಬಹುದು, ಬೇಡ ಅಂದರೆ ಬಿಚ್ಚಬಹುದು. ಪರದೆ ಏನನ್ನೂ ಹೊರುವುದಿಲ್ಲ, ಸುಮ್ನೆ ಮರೆ ಮಾಡುತ್ತದೆ ಅಷ್ಟೆ.

ಮಾಡರ್ನಿಸ್ಟ್ ಕಟ್ಟಡ ಅಂದರೆ ಮುಖ್ಯವಾಗಿ ಇದೇ. ಚಪ್ಪರದ ಲೆಕ್ಕಾಚಾರವನ್ನು ಕಾಂಕ್ರೀಟು, ಉಕ್ಕಿನಲ್ಲಿ ಮಾಡಿದ್ದು. ಕಾಂಕ್ರೀಟಿನ ಒಳಗೆ ಕಬ್ಬಿಣದ ಸರಳು ಹಾಕಿ ಕಂಬ, ತೊಲೆ ಎರಕ ಹೊಯ್ಯುವುದು ಬಂದ ಮೇಲೆ ಗೋಡೆಗೆ ಭಾರ ಹೊರುವ ಕೆಲಸ ತಪ್ಪಿತು. ಗೋಡೆ ತೆಳ್ಳಗಾಯಿತು. ಕಿಟಕಿ ಒಂದು ತುದಿಯಿಂದ ಇನ್ನೊಂದು ತುದಿಯವರೆಗೆ ಉದ್ದಕ್ಕೆ ಹೋಗಬಹುದಾಯಿತು. ಕಂಬದ ಮೇಲೆ ಇಡೀ ಮನೆಯನ್ನೇ ಎತ್ತಿ ನಿಲ್ಲಿಸಬಹುದಾಯಿತು. ಇಳಿಜಾರು ಮಾಡಿನ ಬದಲು ಸಮತಟ್ಟಾದ ತಾರಸಿ ಬಂತು.

1920ರ ದಶಕದಲ್ಲಿ ಯುರೋಪಿನಲ್ಲಿ ಈ ವಿಚಾರ ಗಟ್ಟಿಯಾಯಿತು. ಕಲೆ, ವಿನ್ಯಾಸ ಕಲಿಸುತ್ತಿದ್ದ ಜರ್ಮನಿಯ ಬೌಹೌಸ್ ಶಾಲೆ 1919ರಿಂದ 1933ರವರೆಗೆ ನಡೆಯಿತು. ಫ್ರಾನ್ಸಿನಲ್ಲಿ ಲೆ ಕಾರ್ಬೂಸಿಯೆ ಇದ್ದರು, ಮುಂದೆ ನಮ್ಮ ಚಂಡೀಗಢದ ನಕ್ಷೆ ರೂಪಿಸಿದವರು. ಇವರೆಲ್ಲರ ಮಾತಿನ ತಿರುಳು ಒಂದೇ. ಕಟ್ಟಡ ಏನು ಕೆಲಸ ಮಾಡಬೇಕೋ ಅದಕ್ಕೆ ತಕ್ಕ ಆಕಾರ ಸಾಕು, ಮೇಲೆ ಹೂವು ಬಳ್ಳಿಯ ಅಲಂಕಾರ ಬೇಡ.

ಹಡಗಿನ ಮೇಲೆ ಯಾಕಿಷ್ಟು ಪ್ರೀತಿ?

ಆ ಕಾಲದಲ್ಲಿ ಮನುಷ್ಯ ಕಟ್ಟಿದ ಅತ್ಯಂತ ಆಧುನಿಕ ವಸ್ತು ಯಾವುದು ಅಂದರೆ ಸಮುದ್ರ ದಾಟುವ ದೊಡ್ಡ ಪ್ರಯಾಣಿಕರ ಹಡಗು. ಅದರಲ್ಲಿ ಒಂದಿಂಚೂ ಜಾಗ ಹಾಳಾಗುವ ಹಾಗಿಲ್ಲ. ಗಾಳಿ, ಬೆಳಕು ಒಳಗೆ ಬರಬೇಕು, ನೀರು ಬರಬಾರದು. ಇಂಥ ಹಡಗನ್ನು ನೋಡಿ ಮನೆ ಕಟ್ಟುವುದು ಕಲಿಯಿರಿ ಅಂತ ಲೆ ಕಾರ್ಬೂಸಿಯೆ ಬರೆದರು. 1930ರ ದಶಕದಲ್ಲಿ ಲೋಕದ ಎಷ್ಟೋ ಊರುಗಳಲ್ಲಿ ಹಡಗಿನಂಥ ಮನೆಗಳು ಎದ್ದವು. ಮೂಲೆ ಚೂಪಾಗಿರದೆ ದುಂಡಗೆ, ಬಾಲ್ಕನಿ ಹಡಗಿನ ಡೆಕ್ಕಿನ ಹಾಗೆ, ಪೈಪಿನ ಕಟಕಟೆ, ಕೆಲವು ಕಡೆ ಗುಂಡನೆಯ ಕಿಟಕಿ. ಮುಂಬೈಯ ಮರೀನ್ ಡ್ರೈವ್‌ನಲ್ಲಿ ನಡೆದವರು ಇದನ್ನು ನೋಡಿಯೇ ಇರುತ್ತಾರೆ. ಆರ್ಟ್ ಡೆಕೊ ಅಂತ ಕರೆಯುವ ಆ ಕಟ್ಟಡಗಳ ಸಾಲು, ಹತ್ತಿರದ ಹಳೆಯ ಗೋಥಿಕ್ ಕಟ್ಟಡಗಳ ಜೊತೆ 2018ರಲ್ಲಿ ಯುನೆಸ್ಕೊ ವಿಶ್ವ ಪರಂಪರೆ ಪಟ್ಟಿಗೆ ಸೇರಿತು.

ಬಿಜೈಯ ಮನೆಯೂ ಅದೇ ದಶಕದ್ದು. ಕರ್ನಲ್ ವಿ. ಆರ್. ಮಿರಾಜ್ಕರ್ ಕಟ್ಟಿಸಿದ್ದು. ಮುಂದೆ ಅದನ್ನು ಸಾರ್ವಜನಿಕರಿಗೆ ಕೊಟ್ಟರು. ಮ್ಯೂಸಿಯಂ ಆಗಿ ಬಾಗಿಲು ತೆರೆದದ್ದು 1960ರಲ್ಲಿ. ಅವರ ತಾಯಿಯ ನೆನಪಿಗೆ ಶ್ರೀಮಂತಿ ಬಾಯಿ ಸ್ಮಾರಕ ಸರ್ಕಾರಿ ವಸ್ತುಸಂಗ್ರಹಾಲಯ ಅಂತ ಹೆಸರು. ಸುತ್ತಲೂ ಹಂಚಿನ ಮಾಡುಗಳೇ ಇದ್ದ ಊರಿನಲ್ಲಿ, ಆ ಕಾಲದಲ್ಲಿ, ಒಂದು ಹಡಗು ಗುಡ್ಡದ ಮೇಲೆ ಬಂದು ನಿಂತ ಹಾಗೆ ಕಂಡಿರಬೇಕು. ನನಗಂತೂ ಒಳಗಿನ ಶಿಲ್ಪ, ನಾಣ್ಯ, ಪಿಂಗಾಣಿಗಳಷ್ಟೇ ಈ ಕಟ್ಟಡವೂ ನೋಡಬೇಕಾದ ವಸ್ತು.

ಆದರೆ ಇದು ಮನೆಯಾಗಿ ಹುಟ್ಟಿದ್ದು, ಆಮೇಲೆ ಮ್ಯೂಸಿಯಂ ಆದದ್ದು. ಚಿತ್ರಕ್ಕೆಂದೇ ಕಟ್ಟಿದ ಕಟ್ಟಡ ಬೇರೆ ತರ ಇರುತ್ತದೆ. ಅದಕ್ಕೆ ಹೋಗುವ ಮೊದಲು ನಮ್ಮ ಊರಿನ ಇನ್ನೊಂದು ಕಟ್ಟಡಕ್ಕೆ ಹೋಗಿ ಬರೋಣ.

ಗೋಡೆಯೇ ಚಿತ್ರವಾದಾಗ

ಲೈಟ್ ಹೌಸ್ ಗುಡ್ಡದ ಸೇಂಟ್ ಅಲೋಶಿಯಸ್ ಚಾಪೆಲ್‌ನಲ್ಲಿ ಗೋಡೆ, ಮೇಲ್ಛಾವಣಿ ಎಲ್ಲ ಚಿತ್ರವೇ. ಇಟಲಿಯಿಂದ ಬಂದ ಜೆಸ್ವಿಟ್ ಬ್ರದರ್ ಆಂಟೋನಿಯೊ ಮೊಸ್ಕೇನಿ ಅದನ್ನು ಬರೆದದ್ದು 1899ರಿಂದ 1901ರ ಹೊತ್ತಿಗೆ. ಕೆಲವು ಭಾಗ ಕ್ಯಾನ್ವಾಸ್ ಮೇಲಿನ ಎಣ್ಣೆ ಬಣ್ಣ, ಕೆಲವು ಭಾಗ ಫ್ರೆಸ್ಕೊ.

ಫ್ರೆಸ್ಕೊ ಅಂದರೆ ಹಸಿ ಗಾರೆಯ ಮೇಲೆ ಬರೆಯುವ ಚಿತ್ರ. ವೀಳ್ಯದೆಲೆಗೆ ಹಚ್ಚುವ ಸುಣ್ಣ ಗೊತ್ತಲ್ವಾ? ನಮ್ಮ ಕಡೆ ಚಿಪ್ಪು ಸುಟ್ಟು ಮಾಡುತ್ತಿದ್ದರು. ಆ ಸುಣ್ಣದ ಗಾರೆ ಗೋಡೆಗೆ ಬಳಿದಾಗ ಹಸಿಯಾಗಿರುತ್ತದೆ. ಆಗಲೇ ನೀರಿನಲ್ಲಿ ಕಲಸಿದ ಬಣ್ಣ ಹಚ್ಚಬೇಕು. ಗಾರೆ ಒಣಗುತ್ತಾ ಗಾಳಿಯ ಇಂಗಾಲದ ಡೈಆಕ್ಸೈಡನ್ನು ಹೀರಿಕೊಂಡು ಮತ್ತೆ ಸುಣ್ಣಕಲ್ಲೇ ಆಗುತ್ತದೆ. ಬಣ್ಣದ ಕಣಗಳು ಆ ಕಲ್ಲಿನೊಳಗೆ ಸಿಕ್ಕಿಕೊಳ್ಳುತ್ತವೆ. ಅಂದರೆ ಚಿತ್ರ ಗೋಡೆಯ ಮೇಲೆ ಇಲ್ಲ, ಗೋಡೆಯ ಒಳಗೆ ಇದೆ. ಒಂದು ದಿನಕ್ಕೆ ಎಷ್ಟು ಬರೆಯಲು ಆಗುತ್ತದೋ ಅಷ್ಟಕ್ಕೇ ಗಾರೆ ಬಳಿಯಬೇಕು. ಗಾರೆ ಗಟ್ಟಿಯಾದ ಮೇಲೆ ಬಣ್ಣ ಒಳಗೆ ಇಳಿಯುವುದಿಲ್ಲ. ತಪ್ಪಾದರೆ ಕೆತ್ತಿ ತೆಗೆದು ಮತ್ತೆ ಗಾರೆ ಹಾಕಬೇಕು.

ಇಂಥ ಚಿತ್ರ ಬೇರೆ ಊರಿಗೆ ಹೋಗಲಾರದು. ಅದನ್ನು ನೋಡಬೇಕಾದರೆ ನೀವೇ ಗುಡ್ಡ ಹತ್ತಬೇಕು. ಗೋಡೆಗೆ ತೇವ ಬಂದರೆ ಚಿತ್ರಕ್ಕೇ ಬಂದ ಹಾಗೆ. 1991ರಿಂದ 1994ರವರೆಗೆ, ಹಳೆಯ ಕಲೆ, ಕಟ್ಟಡಗಳನ್ನು ಕಾಪಾಡುವ ಇಂಟ್ಯಾಕ್ ಸಂಸ್ಥೆಯ ತಜ್ಞರು ಇಲ್ಲಿ ಕೂತು ಆ ಚಿತ್ರಗಳನ್ನು ಸರಿಪಡಿಸಿದರು.

ಆರ್ಟ್ ಗ್ಯಾಲರಿ ಇದಕ್ಕೆ ಪೂರ್ತಿ ಉಲ್ಟಾ. ಅಲ್ಲಿ ಚಿತ್ರ ಅತಿಥಿ. ಇವತ್ತು ಒಂದು ತೂಗಿರುತ್ತದೆ, ಮುಂದಿನ ತಿಂಗಳು ಇನ್ನೊಂದು. ಹಾಗಾಗಿ ಗೋಡೆ ತಾನು ಮಾತಾಡದೆ ಸುಮ್ಮನಿರಬೇಕು.

ಗೋಡೆ ಯಾಕೆ ಬಿಳಿ?

ಹಳೆ ಮನೆಯ ಚಾವಡಿಯಲ್ಲಿ ಫೋಟೊಗಳು ಹೇಗಿರುತ್ತಿದ್ದವು? ಬಾಗಿಲ ಮೇಲೆ ದೇವರು, ಅದರ ಪಕ್ಕ ಅಜ್ಜ, ಮೇಲೆ ಮುತ್ತಜ್ಜ, ಮಧ್ಯೆ ಅಂಗಡಿಯ ಕ್ಯಾಲೆಂಡರ್. ಎಲ್ಲವೂ ಸ್ವಲ್ಪ ಮುಂದಕ್ಕೆ ಬಾಗಿ ನಮ್ಮನ್ನೇ ನೋಡುತ್ತವೆ. ಯುರೋಪಿನ ಹಳೆಯ ಗ್ಯಾಲರಿಗಳಲ್ಲೂ ಹೆಚ್ಚುಕಮ್ಮಿ ಹೀಗೇ ಇತ್ತು. ನೆಲದಿಂದ ಛಾವಣಿವರೆಗೆ ಚಿತ್ರದ ಮೇಲೆ ಚಿತ್ರ.

ಮಾಡರ್ನಿಸ್ಟರು ಇದನ್ನು ಬದಲಾಯಿಸಿದರು. ನ್ಯೂಯಾರ್ಕಿನಲ್ಲಿ 1929ರಲ್ಲಿ ಶುರುವಾದ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್ ಈ ಹೊಸ ಪದ್ಧತಿಗೆ ದೊಡ್ಡ ಬಲ ಕೊಟ್ಟಿತು. ತಿಳಿ ಬಣ್ಣದ ಗೋಡೆ, ಒಂದೇ ಸಾಲು, ಚಿತ್ರಗಳ ನಡುವೆ ಧಾರಾಳ ಜಾಗ. ಚಿತ್ರದ ನಡುಭಾಗ ನಿಂತವರ ಕಣ್ಣಿನ ಎತ್ತರಕ್ಕೆ, ಅಂದರೆ ನೆಲದಿಂದ ಸುಮಾರು 150 ಸೆಂಟಿಮೀಟರ್ ಮೇಲೆ. ಊಟದೆಲೆಯಲ್ಲಿ ಉಪ್ಪಿನಕಾಯಿಗೆ ಒಂದು ಮೂಲೆ, ಪಲ್ಯಕ್ಕೆ ಒಂದು ಜಾಗ ಬಿಟ್ಟು ಬಡಿಸುವ ಹಾಗೆ. ಎಲ್ಲ ಒಂದರ ಮೇಲೊಂದು ಬಿದ್ದರೆ ಯಾವುದರ ರುಚಿಯೂ ತಿಳಿಯುವುದಿಲ್ಲ.

ಕಂಬದ ಮೇಲೆ ನಿಂತ ಕಟ್ಟಡ ಇಲ್ಲಿ ಬಹಳ ಉಪಯೋಗಕ್ಕೆ ಬರುತ್ತದೆ. ಒಳಗಿನ ಗೋಡೆ ಭಾರ ಹೊರುವುದಿಲ್ಲವಲ್ಲ, ಹಾಗಾಗಿ ಪ್ರದರ್ಶನಕ್ಕೆ ತಕ್ಕಂತೆ ಜಾಗ ಬದಲಿಸಬಹುದು. ಲೆ ಕಾರ್ಬೂಸಿಯೆ ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಸಂಗ್ರಹ ಬೆಳೆದ ಹಾಗೆ ಕಟ್ಟಡವೂ ಬೆಳೆಯಲಿ, ಚಕ್ಕುಲಿಗೆ ಇನ್ನೊಂದು ಸುತ್ತು ಸುತ್ತಿದ ಹಾಗೆ ಹೊರಗಿನಿಂದ ಕೋಣೆ ಸೇರಿಸುತ್ತಾ ಹೋಗೋಣ ಅನ್ನುವುದು ಅವರ ಯೋಚನೆ. ಅಹಮದಾಬಾದ್, ಟೋಕಿಯೊ, ಚಂಡೀಗಢದ ಮೂರು ಮ್ಯೂಸಿಯಂಗಳಲ್ಲಿ ಇದರ ಛಾಯೆ ಇದೆ. ಟೋಕಿಯೊದ್ದು 1959ರಲ್ಲಿ, ಚಂಡೀಗಢದ್ದು 1968ರಲ್ಲಿ ತೆರೆಯಿತು.

ಬೆಳಕು: ಬೇಕು, ಆದರೆ ಭಯ

ಬಣ್ಣದ ಸೀರೆಯನ್ನು ನೆರಳಿನಲ್ಲಿ ಒಣಹಾಕು ಅಂತ ಅಮ್ಮ ಹೇಳುವುದು ಯಾಕೆ? ಬಿಸಿಲು ಬಣ್ಣವನ್ನು ಒಡೆಯುತ್ತದೆ. ಚಿತ್ರಕ್ಕೂ ಅದೇ ಆಗುತ್ತದೆ. ವ್ಯತ್ಯಾಸ ಏನೆಂದರೆ ಸೀರೆ ಹೋದರೆ ಇನ್ನೊಂದು ಸಿಗುತ್ತದೆ.

ಬೆಳಕನ್ನು ಅಳೆಯುವ ಲೆಕ್ಕಕ್ಕೆ ಲಕ್ಸ್ ಅನ್ನುತ್ತಾರೆ. ಒಂದು ಮೇಣದಬತ್ತಿಯಿಂದ ಒಂದು ಮೀಟರ್ ದೂರದಲ್ಲಿ ಬೀಳುವ ಬೆಳಕು ಸುಮಾರು 1 ಲಕ್ಸ್. ನಡುಮಧ್ಯಾಹ್ನದ ಬಯಲಿನ ಬಿಸಿಲು ಸುಮಾರು 1 ಲಕ್ಷ ಲಕ್ಸ್. ಮ್ಯೂಸಿಯಂಗಳು ಜಲವರ್ಣ, ಕಾಗದ, ಬಟ್ಟೆಗೆ ಸಾಮಾನ್ಯವಾಗಿ ಇಟ್ಟುಕೊಳ್ಳುವ ಮಿತಿ 50 ಲಕ್ಸ್. ಎಣ್ಣೆ ಬಣ್ಣದ ಚಿತ್ರಕ್ಕೆ 200ರ ಆಸುಪಾಸು. ಕಲ್ಲು, ಲೋಹದ ಶಿಲ್ಪಕ್ಕೆ ಇಷ್ಟು ಹೆದರಬೇಕಾಗಿಲ್ಲ.

ಇಲ್ಲಿ ಒಂದು ವಿಷಯ ನೆನಪಿಡಬೇಕು. ಬೆಳಕಿನ ಏಟು ಕೂಡುತ್ತಾ ಹೋಗುತ್ತದೆ. 50 ಲಕ್ಸ್‌ನಲ್ಲಿ ಹತ್ತು ಗಂಟೆ ಇಟ್ಟರೂ ಒಂದೇ, 500 ಲಕ್ಸ್‌ನಲ್ಲಿ ಒಂದು ಗಂಟೆ ಇಟ್ಟರೂ ಒಂದೇ. ರಾತ್ರಿ ಕತ್ತಲಲ್ಲಿ ಇಟ್ಟರೆ ಹೋದ ಬಣ್ಣ ವಾಪಸು ಬರುವುದಿಲ್ಲ. ಅದಕ್ಕೇ ಜಲವರ್ಣಗಳನ್ನು ಕೆಲವು ತಿಂಗಳು ತೋರಿಸಿ, ಆಮೇಲೆ ಒಳಗೆ ಕತ್ತಲಲ್ಲಿ ಇಡುತ್ತಾರೆ.

ಯುರೋಪಿನ ಚಿತ್ರಕಾರರು, ಗ್ಯಾಲರಿಯವರು ಉತ್ತರದ ಕಿಟಕಿಯನ್ನು ಇಷ್ಟಪಡುತ್ತಿದ್ದರು. ಅಲ್ಲಿ ಸೂರ್ಯ ಸದಾ ದಕ್ಷಿಣಕ್ಕೆ ವಾಲಿರುವುದರಿಂದ ಉತ್ತರದಿಂದ ಬರುವುದು ಬರೀ ತಂಪು ಬೆಳಕು, ನೇರ ಬಿಸಿಲಲ್ಲ. ಈ ನಿಯಮವನ್ನು ಹಾಗೇ ಮಂಗಳೂರಿಗೆ ತಂದರೆ ಸರಿಹೋಗದು. ನಾವಿರುವುದು ಸಮಭಾಜಕದಿಂದ ಸುಮಾರು 13 ಡಿಗ್ರಿ ಉತ್ತರಕ್ಕೆ. ಏಪ್ರಿಲ್ ಕೊನೆಯ ವಾರ ಮಧ್ಯಾಹ್ನ ಸೂರ್ಯ ನೇರ ನೆತ್ತಿಯ ಮೇಲೆ ಬರುತ್ತಾನೆ, ಶೂನ್ಯ ನೆರಳಿನ ದಿನ ಅಂತ ಮಕ್ಕಳಿಗೆ ತೋರಿಸುತ್ತಾರಲ್ಲ, ಅದೇ. ಅಲ್ಲಿಂದ ಆಗಸ್ಟ್ ಮಧ್ಯದವರೆಗೆ ಮಧ್ಯಾಹ್ನದ ಸೂರ್ಯ ನಮಗೆ ಉತ್ತರದಲ್ಲಿರುತ್ತಾನೆ. ಜೂನ್ ಬಂದರೆ ಮೋಡ ಕಾಯುತ್ತದೆ. ಮೇ ತಿಂಗಳಲ್ಲಿ ಕಾಯುವವರಿಲ್ಲ. ಹಾಗಾಗಿ ನಮ್ಮ ಕಡೆ ನಾಲ್ಕೂ ದಿಕ್ಕಿಗೆ ಮರೆ ಬೇಕು. ಲೆ ಕಾರ್ಬೂಸಿಯೆ ಕಿಟಕಿಯ ಹೊರಗೆ ಕಾಂಕ್ರೀಟಿನ ಹಲಗೆಗಳನ್ನು ಸಾಲಾಗಿ ನಿಲ್ಲಿಸಿ ಬಿಸಿಲು ತಡೆದರು. ಕರಾವಳಿಯ ಹಳೆ ಮನೆಗಳ ಜಗಲಿಯಲ್ಲಿ ಮರದ ಪಟ್ಟಿಯ ಜಾಲರಿ ಮಾಡುತ್ತಿದ್ದದ್ದೂ ಇದೇ ಕೆಲಸ.

ನಮ್ಮ ಮಳೆಗಾಲದಲ್ಲಿ ಚಿತ್ರ ಉಳಿಯುವುದು ಹೇಗೆ?

ಮಂಗಳೂರಿನಲ್ಲಿ ವರ್ಷಕ್ಕೆ ಸರಾಸರಿ 3,500 ಮಿಲಿಮೀಟರ್‌ಗೂ ಜಾಸ್ತಿ ಮಳೆ. ಜೋರು ಮಳೆಯ ಆಟಿ ತಿಂಗಳಲ್ಲಿ ಹಪ್ಪಳದ ಡಬ್ಬ ಅರ್ಧ ಗಂಟೆ ತೆರೆದಿಟ್ಟರೆ ಏನಾಗುತ್ತದೆ ಅಂತ ಎಲ್ಲರಿಗೂ ಗೊತ್ತು. ಕಾಗದವೂ ಹಪ್ಪಳದ ಹಾಗೇ. ಗಾಳಿಯ ತೇವ ಕುಡಿದು ಮೆತ್ತಗಾಗುತ್ತದೆ, ಅಲೆಅಲೆಯಾಗಿ ಏಳುತ್ತದೆ.

ಗಾಳಿ ಎಷ್ಟು ನೀರಾವಿ ಹಿಡಿಯಬಲ್ಲದೋ ಅದರಲ್ಲಿ ಎಷ್ಟು ಪಾಲು ತುಂಬಿದೆ ಅನ್ನುವುದಕ್ಕೆ ಸಾಪೇಕ್ಷ ಆರ್ದ್ರತೆ ಅನ್ನುತ್ತಾರೆ. ಚಿತ್ರಗಳಿಗೆ ಹಿತವಾದದ್ದು ಶೇ. 50ರ ಆಸುಪಾಸು. ಶೇ. 65, 70 ದಾಟಿದರೆ ಬೂಷ್ಟು ಹಿಡಿಯಲು ಶುರು. ನಮ್ಮ ಜುಲೈಯಲ್ಲಿ ಹೊರಗಿನ ಗಾಳಿ ಹೆಚ್ಚಿನ ದಿನ ಶೇ. 85ರ ಮೇಲೆಯೇ ಇರುತ್ತದೆ. ಬೀರುವಿನ ಚಪ್ಪಲಿಗೆ ಬೆಳ್ಳಗೆ ಬೂಷ್ಟು ಬರುವುದು ಇದರಿಂದಲೇ.

ತೇವ ಜಾಸ್ತಿ ಇರುವುದಕ್ಕಿಂತ ಕೆಟ್ಟದ್ದು ಅದು ಏರಿಳಿಯುವುದು. ಮಳೆಗಾಲದಲ್ಲಿ ಮರದ ಬಾಗಿಲು ಉಬ್ಬಿ ಹಾಕಲು ಬರುವುದಿಲ್ಲ, ಬೇಸಿಗೆಯಲ್ಲಿ ಅದೇ ಬಾಗಿಲಿನ ಸಂದಿಯಲ್ಲಿ ಬೆಳಕು ಕಾಣುತ್ತದೆ. ಕ್ಯಾನ್ವಾಸ್, ಮರದ ಚೌಕಟ್ಟು ಕೂಡ ಹೀಗೇ ಉಬ್ಬಿ ಕುಗ್ಗುತ್ತವೆ. ಆದರೆ ಮೇಲಿನ ಹಳೆಯ ಬಣ್ಣದ ಪದರ ಗಟ್ಟಿಯಾಗಿರುತ್ತದೆ, ಹಿಗ್ಗುವುದಿಲ್ಲ. ಅದು ಬಿರುಕು ಬಿಡುತ್ತದೆ, ಆಮೇಲೆ ಚಕ್ಕೆ ಏಳುತ್ತದೆ. ಹಗಲು ಎಸಿ ಹಾಕಿ, ರಾತ್ರಿ ಬೀಗ ಹಾಕುವಾಗ ಆರಿಸಿ ಹೋದರೆ ಚಿತ್ರಕ್ಕೆ ದಿನವೂ ಒಂದು ಬೇಸಿಗೆ, ಒಂದು ಮಳೆಗಾಲ ತೋರಿಸಿದ ಹಾಗಾಗುತ್ತದೆ. ಗ್ಯಾಲರಿಯಲ್ಲಿ ಎಸಿ ಇದ್ದರೆ ಇಪ್ಪತ್ತನಾಲ್ಕು ಗಂಟೆಯೂ ಇರಬೇಕು. ಅದು ದುಬಾರಿ ಕೆಲಸ.

ಕಟ್ಟಡಕ್ಕೂ ಇಲ್ಲಿ ಕಷ್ಟವೇ. ಇಳಿಜಾರು ಹಂಚಿನ ಮಾಡು ನೀರನ್ನು ನಿಲ್ಲಲು ಬಿಡುವುದಿಲ್ಲ. ತಾರಸಿಯಲ್ಲಿ ನೀರು ನಿಲ್ಲುತ್ತದೆ. ನಮ್ಮಲ್ಲಿ ಎಷ್ಟೋ ಟೆರೇಸ್ ಮನೆಗಳ ಮೇಲೆ ಮತ್ತೆ ಶೀಟಿನ ಮಾಡು ಹಾಕಿರುವುದು ಅದಕ್ಕೇ. ಇನ್ನು ಕಡಲಿನ ಉಪ್ಪು ಗಾಳಿ. ಕಾಂಕ್ರೀಟಿನ ಒಳಗಿನ ಸರಳಿಗೆ ಸಿಮೆಂಟಿನ ಕ್ಷಾರ ಗುಣವೇ ರಕ್ಷಣೆ. ಸಣ್ಣ ಬಿರುಕಿನಿಂದ ಉಪ್ಪು, ನೀರು ಇಳಿದರೆ ಆ ರಕ್ಷಣೆ ಹೋಗುತ್ತದೆ, ಸರಳು ತುಕ್ಕು ಹಿಡಿಯುತ್ತದೆ. ತುಕ್ಕಿಗೆ ಕಬ್ಬಿಣಕ್ಕಿಂತ ಜಾಸ್ತಿ ಜಾಗ ಬೇಕು. ಅದು ಒಳಗಿನಿಂದ ಒತ್ತಿ ಕಾಂಕ್ರೀಟನ್ನು ಸೀಳುತ್ತದೆ. ಹಳೆ ಕಟ್ಟಡದ ಸಜ್ಜದಿಂದ ಚಕ್ಕೆ ಬಿದ್ದು ಸರಳು ಕಾಣುವುದನ್ನು ನೀವೂ ನೋಡಿರುತ್ತೀರಿ. ಬಿಜೈ ಮನೆಯಂಥ ಕಟ್ಟಡವನ್ನು ಪ್ರತಿ ಮಳೆಗಾಲಕ್ಕೆ ಮೊದಲು ಹತ್ತಿ ನೋಡಬೇಕಾಗುವುದು ಇದೇ ಕಾರಣಕ್ಕೆ.

ಸಂಗ್ರಹ ಅಂದರೆ ಬರೀ ರಾಶಿ ಅಲ್ಲ

ಗ್ಯಾಲರಿಗೆ ಒಂದು ವಸ್ತು ಬಂದ ದಿನ ಅದಕ್ಕೆ ಒಂದು ನಂಬರು ಕೊಟ್ಟು ದಾಖಲೆ ಪುಸ್ತಕದಲ್ಲಿ ಬರೆಯುತ್ತಾರೆ. ಏನು, ಯಾರು ಮಾಡಿದ್ದು, ಅಳತೆ ಎಷ್ಟು, ಯಾರಿಂದ ಬಂತು, ಕೊಂಡದ್ದೋ ದಾನವೋ. ಆ ಪುಸ್ತಕ ಕಳೆದರೆ ವಸ್ತುಗಳು ಕಣ್ಣೆದುರು ಇದ್ದರೂ ಅವುಗಳ ಕತೆ ಹೋಯಿತು. ನಮಗೆ ಕಾಣುವುದು ಸಂಗ್ರಹದ ಒಂದು ಪಾಲು ಮಾತ್ರ, ಉಳಿದದ್ದು ಒಳಗಿನ ಉಗ್ರಾಣದಲ್ಲಿರುತ್ತದೆ.

ವಸ್ತುಗಳು ಬರುವ ದಾರಿ ಹಲವು. ಬಾವಿ ತೋಡುವಾಗ ನಾಣ್ಯದ ಮಡಕೆ ಸಿಕ್ಕಿದರೆ ಜಿಲ್ಲಾಧಿಕಾರಿಗೆ ತಿಳಿಸಬೇಕು ಅಂತ 1878ರ ನಿಧಿ ಕಾನೂನು ಹೇಳುತ್ತದೆ. ಹಾಗೆ ಸಿಕ್ಕಿದವು ಎಷ್ಟೋ ಸಲ ಸರ್ಕಾರಿ ಮ್ಯೂಸಿಯಂ ಸೇರುತ್ತವೆ. 1972ರ ಪ್ರಾಚ್ಯವಸ್ತು ಕಾನೂನಿನ ಪ್ರಕಾರ ನೂರು ವರ್ಷ ದಾಟಿದ ಶಿಲ್ಪ, ಚಿತ್ರಗಳನ್ನು ಖಾಸಗಿಯವರು ದೇಶದಿಂದ ಹೊರಗೆ ಸಾಗಿಸುವಂತಿಲ್ಲ.

ಚಂಡೀಗಢದ ಸಂಗ್ರಹದ ಕತೆ ಕೇಳಿದರೆ ಮನಸ್ಸು ಭಾರವಾಗುತ್ತದೆ. ದೇಶ ಭಾಗವಾದಾಗ ಲಾಹೋರ್ ಮ್ಯೂಸಿಯಂ ಕೂಡ ಪಾಲಾಯಿತು. 1948ರಲ್ಲಿ ಶೇ. 60 ಪಾಕಿಸ್ತಾನಕ್ಕೆ, ಶೇ. 40 ಭಾರತಕ್ಕೆ. ಅಣ್ಣತಮ್ಮಂದಿರ ಪಾಲಿನಲ್ಲಿ ಅಮ್ಮನ ಪಾತ್ರೆ ಹಂಚಿದ ಹಾಗೆ ಗಾಂಧಾರದ ಬುದ್ಧನ ಶಿಲ್ಪಗಳನ್ನು ಹಂಚಿದರು. ನಮ್ಮ ಪಾಲಿಗೆ ಬಂದವು ಹಲವು ಊರು ಸುತ್ತಿ, ಕೊನೆಗೆ ಲೆ ಕಾರ್ಬೂಸಿಯೆ ಕಟ್ಟಿದ ಆ ಕಾಂಕ್ರೀಟು, ಇಟ್ಟಿಗೆಯ ಕಟ್ಟಡದಲ್ಲಿ ನೆಲೆ ಕಂಡವು.

ಕಟ್ಟಿಂಗೇರಿಯಿಂದ ಕಸ್ತೂರ್ಬಾ ರಸ್ತೆಗೆ

ನಮ್ಮ ರಾಜ್ಯದಲ್ಲಿ ಇದೆಲ್ಲವನ್ನೂ ಒಂದೇ ಕಡೆ ನೋಡಬೇಕು ಅಂದರೆ ಬೆಂಗಳೂರಿನ ಕಸ್ತೂರ್ಬಾ ರಸ್ತೆಗೆ ಹೋಗಬೇಕು. ಅಲ್ಲಿ 1865ರಲ್ಲಿ ಶುರುವಾದ ಸರ್ಕಾರಿ ವಸ್ತುಸಂಗ್ರಹಾಲಯ ಇದೆ. ಅದರ ಈಗಿನ ಕೆಂಪು ಕಟ್ಟಡ 1877ರದ್ದು, ಕಂಬ, ಕಮಾನುಗಳ ಗಂಭೀರ ಕಟ್ಟಡ. ಪಕ್ಕದಲ್ಲೇ 1970ರ ದಶಕದ ವೆಂಕಟಪ್ಪ ಆರ್ಟ್ ಗ್ಯಾಲರಿ. ಅದರಲ್ಲಿ ಅಲಂಕಾರ ಇಲ್ಲ, ನೇರ ಗೆರೆಗಳ ಸರಳ ಕಟ್ಟಡ. ಎರಡನ್ನೂ ಒಟ್ಟಿಗೆ ನೋಡಿದರೆ ನೂರು ವರ್ಷದಲ್ಲಿ ಕಟ್ಟಡದ ಬಗ್ಗೆ ಜನರ ಮನಸ್ಸು ಎಷ್ಟು ಬದಲಾಯಿತು ಅಂತ ತಿಳಿಯುತ್ತದೆ.

ಕೆ. ವೆಂಕಟಪ್ಪ 1886ರಲ್ಲಿ ಮೈಸೂರಿನ ಆಸ್ಥಾನ ಚಿತ್ರಕಾರರ ಮನೆತನದಲ್ಲಿ ಹುಟ್ಟಿದವರು. ಕಲ್ಕತ್ತಾದಲ್ಲಿ ಅವನೀಂದ್ರನಾಥ ಠಾಕೂರರ ಹತ್ತಿರ ಕಲಿತರು. ವೀಣೆಯನ್ನೂ ಗುರುಮುಖದಿಂದ ಕಲಿತಿದ್ದರು. ಊಟಿ, ಕೊಡೈಕೆನಾಲ್‌ನ ಮಂಜು, ಮಳೆ, ಬೆಟ್ಟವನ್ನು ಜಲವರ್ಣದಲ್ಲಿ ಅಷ್ಟು ಸೂಕ್ಷ್ಮವಾಗಿ ಬರೆದವರು ಕಮ್ಮಿ. 1965ರಲ್ಲಿ ತೀರಿಕೊಂಡರು. ಜಲವರ್ಣ ಅಂದೆನಲ್ಲ, ಹಾಗಾಗಿ 50 ಲಕ್ಸ್‌ನ ಮಾತು ಇಲ್ಲಿ ನೇರವಾಗಿ ಬರುತ್ತದೆ. ಆ ಮಂಜಿನ ತೆಳು ನೀಲಿ ಒಮ್ಮೆ ಮಾಸಿದರೆ ಅದನ್ನು ಮತ್ತೆ ತರಲು ಯಾರಿಂದಲೂ ಆಗದು.

ಇದೇ ಗ್ಯಾಲರಿಯಲ್ಲಿ ನಮ್ಮ ಉಡುಪಿ ಕಡೆಯವರ ಚಿತ್ರಗಳೂ ಇವೆ. ಕೆ. ಕೆ. ಹೆಬ್ಬಾರ್ 1911ರಲ್ಲಿ ಹುಟ್ಟಿದ್ದು ಉಡುಪಿ ಹತ್ತಿರದ ಕಟ್ಟಿಂಗೇರಿಯಲ್ಲಿ. ಹೆಸರಿನ ಮೊದಲ ಕೆ ಆ ಊರೇ. ಮುಂಬೈಯ ಜೆ. ಜೆ. ಕಲಾಶಾಲೆಯಲ್ಲಿ ಕಲಿತು, ಆಮೇಲೆ ಪ್ಯಾರಿಸ್ಸಿಗೂ ಹೋಗಿ ಬಂದರು. 1961ರಲ್ಲಿ ಪದ್ಮಶ್ರೀ, 1989ರಲ್ಲಿ ಪದ್ಮಭೂಷಣ ಬಂತು. ಅವರ ಎಣ್ಣೆ ಬಣ್ಣದ ಚಿತ್ರಗಳು ದೊಡ್ಡವು, ಬಣ್ಣ ತುಂಬಿದವು. ಆದರೆ ನನಗೆ ಜಾಸ್ತಿ ಹಿಡಿಸುವುದು ಅವರ ರೇಖಾಚಿತ್ರಗಳು. ಕುಣಿಯುವವರ ಕಾಲು, ಸೊಂಟ, ಕೈ ಎಲ್ಲ ಕೆಲವೇ ಗೆರೆಗಳಲ್ಲಿ ಬಂದುಬಿಡುತ್ತದೆ. ಗೆಜ್ಜೆ ಬರೆದಿಲ್ಲದಿದ್ದರೂ ಸದ್ದು ಕೇಳಿದ ಹಾಗಾಗುತ್ತದೆ. ಬಾಲ್ಯದಿಂದ ನೋಡಿದ ಯಕ್ಷಗಾನ ಆ ಗೆರೆಗಳಲ್ಲಿ ಇದೆ.

ಮುಂದಿನ ರಜೆಯಲ್ಲಿ ಅಕ್ಕನ ಮಗಳನ್ನು ಅಲ್ಲಿಗೆ ಕರೆದುಕೊಂಡು ಹೋಗುತ್ತೇನೆ. ನೀವೂ ಹೋದರೆ ಒಂದು ಕೆಲಸ ಮಾಡಿ. ಹೊರಗಿನ ಬಿಸಿಲಿನಿಂದ ಒಳಗೆ ಬಂದ ಕೂಡಲೇ ಜಲವರ್ಣಗಳ ಹತ್ತಿರ ಓಡಬೇಡಿ. ಕೋಣೆ ಮಬ್ಬಾಗಿದ್ದರೆ ಐದು ನಿಮಿಷ ಸುಮ್ನೆ ನಿಲ್ಲಿ. ಕಣ್ಣು ಹೊಂದಿಕೊಳ್ಳಲು ಅಷ್ಟು ಹೊತ್ತು ಬೇಕು. ಆಮೇಲೆ ನೋಡಿ, ಮೊದಲು ಬರೀ ಬೂದಿ ಬಣ್ಣವಾಗಿ ಕಂಡ ಜಾಗದಲ್ಲಿ ವೆಂಕಟಪ್ಪನವರ ಬೆಟ್ಟ ನಿಧಾನವಾಗಿ ಮೂಡುತ್ತದೆ.